'ಗುಡ್' ನೌಕರನ ಗತಿ

ಸರ್ಕಾರಿ ಕಚೇರಿಯಲ್ಲಿ ಯಾರಾದರೂ ನಿಮ್ಮನ್ನು 'ಗುಡ್' ಅಂದರೆ ಸ್ವಲ್ಪ ಹುಷಾರಾಗಿರಿ. ಅದು ಬೈಗುಳ ಇದ್ದರೂ ಇರಬಹುದು.

ಇದು ನನ್ನ ಕುಹಕ ಅಲ್ಲ. 2008ರಲ್ಲಿ ಸುಪ್ರೀಂ ಕೋರ್ಟೇ ಹೆಚ್ಚು ಕಡಿಮೆ ಹೀಗೆ ಹೇಳಿದೆ. ಗಡಿ ರಸ್ತೆ ಇಲಾಖೆಯಲ್ಲಿ ಒಬ್ಬ ಎಕ್ಸಿಕ್ಯೂಟಿವ್ ಇಂಜಿನಿಯರ್ ಇದ್ದರು. ಮೇಲಿನ ಹುದ್ದೆಗೆ ಹೋಗಲು ಮೇಲಧಿಕಾರಿಗಳು ವರ್ಷಕ್ಕೊಮ್ಮೆ ನೌಕರನ ಕೆಲಸದ ಬಗ್ಗೆ ಬರೆಯುವ ಗೋಪ್ಯ ವರದಿಯಲ್ಲಿ ಹಿಂದಿನ ಐದೂ ವರ್ಷ 'ವೆರಿ ಗುಡ್' ಇರಬೇಕಿತ್ತು. 1993-94ರ ವರದಿ ಬರೆದವರು 'ವೆರಿ'ಯನ್ನು ಮರೆತರೋ, ಶಾಯಿ ಉಳಿಸಿದರೋ, ಬರೀ 'ಗುಡ್' ಅಂತ ಬರೆದುಬಿಟ್ಟರು. ಬಡ್ತಿ ಕೈತಪ್ಪಿತು.

ಹೀಗೆ ಬರೆದಿದ್ದೇವೆ ಅಂತ ಅವರಿಗೆ ಯಾರೂ ಹೇಳಲೂ ಇಲ್ಲ. ಪ್ರತಿಕೂಲ ಷರಾ ಇದ್ದರೆ ಮಾತ್ರ ತಿಳಿಸಬೇಕು ಅನ್ನುವುದು ಇಲಾಖೆಯ ವಾದ. 'ಗುಡ್' ಪ್ರತಿಕೂಲ ಹೇಗಾಗುತ್ತದೆ? ಹೊಗಳಿದ್ದೇವೆ ಅಂತ ಯಾರಾದರೂ ನೋಟಿಸ್ ಕೊಡ್ತಾರಾ?

ಬಡ್ತಿಗೆ ಕಲ್ಲು ಹಾಕುವ 'ಗುಡ್' ಪ್ರತಿಕೂಲ ಷರಾವೇ ಅಂದಿತು ಕೋರ್ಟ್. ಅವರಿಗೆ ಅದನ್ನು ತಿಳಿಸಿ, ಮನವಿ ಕೊಟ್ಟರೆ ತೀರ್ಮಾನ ಮಾಡಿ ಅಂತ ಆದೇಶಿಸಿತು. ಅಷ್ಟರಲ್ಲಿ ಅವರು ನಿವೃತ್ತರಾಗಿದ್ದರು. ಆ ಪತ್ರ ಹೇಗಿದ್ದೀತು ಅಂತ ನೆನೆಸಿಕೊಂಡು ನಾನು ಸುಮ್ನೆ ನಗುತ್ತಿರುತ್ತೇನೆ. 'ಮಾನ್ಯರೇ, ಹದಿನಾಲ್ಕು ವರ್ಷಗಳ ಹಿಂದೆ ತಾವು ಒಳ್ಳೆಯವರಾಗಿದ್ದಿರಿ ಎಂಬುದು ಕಡತದಿಂದ ಕಂಡುಬಂದಿರುತ್ತದೆ. ಈ ಆರೋಪದ ಬಗ್ಗೆ ತಮ್ಮ ಸಮಜಾಯಿಷಿ ಇದ್ದಲ್ಲಿ ನಿಗದಿತ ಅವಧಿಯೊಳಗೆ ಸಲ್ಲಿಸತಕ್ಕದ್ದು.'

ಬಡ್ತಿ ನೌಕರನ ಹಕ್ಕಲ್ಲ ಅಂತ ಕೋರ್ಟುಗಳು ಹೇಳುತ್ತಲೇ ಬಂದಿವೆ. ಬಡ್ತಿಗೆ ಪರಿಗಣಿಸಲ್ಪಡುವುದು ಮಾತ್ರ ಹಕ್ಕು. ಅದೂ ಸಂವಿಧಾನದ 16ನೇ ವಿಧಿಯಡಿ ಬರುವ ಮೂಲಭೂತ ಹಕ್ಕು. ಅಂದರೆ ಪಂಕ್ತಿಯಲ್ಲಿ ಕೂತು ಎಲೆ ಹಾಕಿಸಿಕೊಳ್ಳುವುದು ನಮ್ಮ ಹಕ್ಕು, ಬಡಿಸುವುದು ಅವರಿಷ್ಟ.

ನಮ್ಮ ಇಲಾಖೆಗಳು ಈ ಹಕ್ಕಿಗೆ ಒಂದು ದಿನವೂ ಚ್ಯುತಿ ತಂದಿಲ್ಲ. ಪರಿಗಣಿಸುತ್ತಲೇ ಇರುತ್ತವೆ. ಮೊದಲು ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಬರುತ್ತದೆ. ಅದಕ್ಕೆ ಆಕ್ಷೇಪಣೆ. ಆಮೇಲೆ ಅಂತಿಮ ಪಟ್ಟಿ, ಅದರ ಮೇಲೆ ಕೆಎಟಿಯಲ್ಲಿ (ರಾಜ್ಯ ನೌಕರರ ತಕರಾರು ಕೇಳುವ ಆಡಳಿತ ನ್ಯಾಯಮಂಡಳಿ) ಅರ್ಜಿ, ತಡೆಯಾಜ್ಞೆ, ಪರಿಷ್ಕೃತ ಅಂತಿಮ ಪಟ್ಟಿ. (ಅಂತಿಮವಾದದ್ದು ಇಷ್ಟು ಸಲ ಹುಟ್ಟಿಬರುವುದು ಪುರಾಣದಲ್ಲೂ ಅಪರೂಪ.) ಎಲ್ಲ ಮುಗಿಯುವ ಹೊತ್ತಿಗೆ ಮೊದಲ ಪುಟದಲ್ಲಿದ್ದವರೆಲ್ಲ ಪಿಂಚಣಿದಾರರು.

ಅಲ್ಲಿಯವರೆಗೆ ಕುರ್ಚಿ ಖಾಲಿ ಇರುತ್ತದಾ? ಇಲ್ಲ. 'ಪ್ರಭಾರ' ಅನ್ನುವ ಒಂದು ಮಂತ್ರ ಇದೆ. ಅದೇ ಕುರ್ಚಿ, ಅದೇ ಸಹಿ, ಅದೇ ಬೈಗುಳ, ಸಂಬಳ ಮಾತ್ರ ಕೆಳಗಿನದು. ಆ ಹುದ್ದೆಯ ಕೆಲಸವನ್ನು ವರ್ಷಗಟ್ಟಲೆ ಮಾಡಿದವರು ಆ ಹುದ್ದೆಗೆ ಅರ್ಹರೋ ಅಲ್ಲವೋ ಅಂತ ಅವರ ಕಣ್ಣೆದುರೇ ಕಡತ ಓಡಾಡುತ್ತಿರುತ್ತದೆ. ಎಷ್ಟೋ ಸಲ ಅದಕ್ಕೆ ಟಿಪ್ಪಣಿ ಬರೆಯುವವರೂ ಅವರೇ.

ಪಶ್ಚಿಮ ಬಂಗಾಳದ ಅಧಿಕಾರಿಯೊಬ್ಬರ ಕಥೆ ಕೇಳಿ. ಅವರ ನಿವೃತ್ತಿ 2016ರ ಡಿಸೆಂಬರ್ 31ಕ್ಕೆ. ಲೋಕಸೇವಾ ಆಯೋಗ ಬಡ್ತಿಗೆ ಶಿಫಾರಸು ಮಾಡಿದ್ದು ಡಿಸೆಂಬರ್ 29ಕ್ಕೆ. ಅಂತಿಮ ಒಪ್ಪಿಗೆ ಇಲಾಖೆಗೆ ಬಂದದ್ದು ಜನವರಿ 4ಕ್ಕೆ. ನಾಲ್ಕೇ ದಿನ! ಹುದ್ದೆಯ ಅಧಿಕಾರ ವಹಿಸಿಕೊಳ್ಳದೆ ಬಡ್ತಿಯ ಲಾಭ ಇಲ್ಲ ಅಂತ 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ನಾಲ್ಕು ದಿನದ ತಕರಾರು ತೀರಲು ಏಳು ವರ್ಷ ದಾಟಿತ್ತು. ಪರಿಗಣಿಸಲ್ಪಡುವ ಹಕ್ಕು ಮಾತ್ರ ಅವರಿಗೆ ಪೂರ್ತಿ ಸಂದಾಯವಾಗಿತ್ತು.

ನನಗೆ ಗೊತ್ತಿರುವ ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕ) ಒಬ್ಬರು ಇದನ್ನೆಲ್ಲ ಓದಿಕೊಂಡಿದ್ದಾರೆ. ಮೊನ್ನೆ ಸಾಹೇಬರು ಖುಷಿಯಾಗಿ ಅವರ ಬೆನ್ನು ತಟ್ಟಿ, 'ಗುಡ್ ವರ್ಕ್ ಕಣ್ರೀ' ಅಂದರಂತೆ. ಅವತ್ತು ಸಂಜೆಯೇ ವಕೀಲರ ಮನೆಗೆ ಹೋಗಿ ಬಂದರು.