10,000ದಲ್ಲಿ ಎಂಟು

ರಾತ್ರಿ ಮೂರು ಗಂಟೆಗೆ ಬೆವರಿನಲ್ಲಿ ತೊಯ್ದು ಏಳುವ ಸಂಕಟ ಅನುಭವಿಸಿದವರಿಗೇ ಗೊತ್ತು. ಎದೆಯಿಂದ ಕತ್ತಿಗೆ ಬೆಂಕಿ ಏರಿದಂತಾಗಿ ಹೊದಿಕೆ ಕಿತ್ತೆಸೆಯುತ್ತಿದ್ದೆ, ಐದೇ ನಿಮಿಷಕ್ಕೆ ಚಳಿ ಹಿಡಿದು ಅದನ್ನೇ ಹುಡುಕುತ್ತಿದ್ದೆ. ಒಂದೂವರೆ ವರ್ಷ ನೆಟ್ಟಗೆ ನಿದ್ದೆಯಿಲ್ಲ. ಮೊದಲು ನೋಡಿದ ವೈದ್ಯರು "ಮುಟ್ಟು ನಿಲ್ಲುವಾಗ ಇದೆಲ್ಲ ಸಹಜ" ಎಂದು ಕಳುಹಿಸಿಬಿಟ್ಟರು. ವಯಸ್ಸಾದಂತೆ ಅಕ್ಷರ ಮಂಜಾಗುವುದೂ ಸಹಜವೇ. ಹಾಗೆಂದು ಕನ್ನಡಕ ಬೇಡ ಎನ್ನುವವರನ್ನು ನಾನಂತೂ ಕಂಡಿಲ್ಲ.

ಮುಟ್ಟು ನಿಲ್ಲುವಾಗ ಕುಸಿಯುವ ಹೆಣ್ಣು ಹಾರ್ಮೋನನ್ನು ಹೊರಗಿನಿಂದ ಕೊಡುವ ಹಾರ್ಮೋನ್ ಚಿಕಿತ್ಸೆಯ ಮಾತೆತ್ತಿದರೆ ಅಕ್ಕನದೂ ಗೆಳತಿಯರದೂ ಒಂದೇ ಉತ್ತರ: "ಕ್ಯಾನ್ಸರ್ ಬರುತ್ತದಂತೆ." ಈ 'ಅಂತೆ'ಯ ಮೂಲ 2002ರಲ್ಲಿದೆ. ಅಮೆರಿಕದ 'ವಿಮೆನ್ಸ್ ಹೆಲ್ತ್ ಇನಿಷಿಯೇಟಿವ್' ಅಧ್ಯಯನದ ಒಂದು ಭಾಗವನ್ನು ಆ ವರ್ಷ ನಡುವೆಯೇ ನಿಲ್ಲಿಸಿದರು. ಈಸ್ಟ್ರೊಜೆನ್ ಎಂಬ ಆ ಹಾರ್ಮೋನಿನ ಜೊತೆ ಪ್ರೊಜೆಸ್ಟಿನ್ (ಪ್ರೊಜೆಸ್ಟರಾನ್ ಎಂಬ ಇನ್ನೊಂದು ಹೆಣ್ಣು ಹಾರ್ಮೋನಿನ ಕೃತಕ ರೂಪ) ಮಾತ್ರೆ ನುಂಗಿದವರಲ್ಲಿ ಸ್ತನ ಕ್ಯಾನ್ಸರ್ ಶೇ. 26ರಷ್ಟು ಹೆಚ್ಚು ಎಂಬ ಸುದ್ದಿ ಕಾಳ್ಗಿಚ್ಚಾಯಿತು. ಬಿಡಿಸಿ ನೋಡಿದರೆ, ವರ್ಷಕ್ಕೆ 10,000 ಮಹಿಳೆಯರಲ್ಲಿ 30 ಇದ್ದದ್ದು 38 ಆಗಿತ್ತು. ಆ ಎಂಟು ಮಂದಿ ಲೆಕ್ಕಕ್ಕಿಲ್ಲ ಎನ್ನುವಷ್ಟು ಕಲ್ಲೆದೆ ನನ್ನದಲ್ಲ. ಆದರೆ ಅಧ್ಯಯನದಲ್ಲಿದ್ದವರ ಸರಾಸರಿ ವಯಸ್ಸು 63. ಸೆಕೆಯಲ್ಲಿ ಬೇಯುತ್ತಿರುವ ಐವತ್ತರವಳನ್ನು ಹೆದರಿಸಲು ಆ ಅಂಕಿಯನ್ನೇ ತಂದರು. ಗರ್ಭಕೋಶ ತೆಗೆಸಿಕೊಂಡು ಈಸ್ಟ್ರೊಜೆನ್ ಒಂದನ್ನೇ ತೆಗೆದುಕೊಂಡವರಲ್ಲಿ ಸ್ತನ ಕ್ಯಾನ್ಸರ್ ಹೆಚ್ಚಲಿಲ್ಲ ಎಂಬ ಫಲಿತಾಂಶ ಆಮೇಲೆ ಬಂತು. ಅದನ್ನು ಯಾರೂ ಕೂಗಿ ಹೇಳಲಿಲ್ಲ.

ಎರಡನೆಯ ವೈದ್ಯೆ ಮೊದಲು ಪ್ರಶ್ನೆಗಳನ್ನೇ ಕೇಳಿದರು. ರಕ್ತ ಹೆಪ್ಪುಗಟ್ಟಿತ್ತೇ? ಯಕೃತ್ತಿನ ತೊಂದರೆ? ಕಾರಣ ತಿಳಿಯದ ರಕ್ತಸ್ರಾವ? ಮನೆಯಲ್ಲಿ ಯಾರಿಗಾದರೂ ಸ್ತನ ಕ್ಯಾನ್ಸರ್? ಅರವತ್ತರೊಳಗೆ, ಮುಟ್ಟು ನಿಂತು ಹತ್ತು ವರ್ಷದೊಳಗೆ ಶುರುಮಾಡಿದರೆ ಸಾಮಾನ್ಯವಾಗಿ ಲಾಭದ ತೂಕವೇ ಹೆಚ್ಚು ಎಂದರು. ಮಾತ್ರೆ ಮೊದಲು ಯಕೃತ್ತನ್ನು ಹಾದು ಹೋಗುವುದರಿಂದ ರಕ್ತ ಹೆಪ್ಪುಗಟ್ಟುವ ಅಪಾಯ ಏರುತ್ತದೆ. ಆದ್ದರಿಂದ ನನಗೆ ಚರ್ಮಕ್ಕೆ ಅಂಟಿಸುವ ಪ್ಯಾಚ್ ಕೊಟ್ಟರು. ಈಸ್ಟ್ರೊಜೆನ್ ಒಂದೇ ಆದರೆ ಗರ್ಭಕೋಶದ ಒಳಪದರ ದಪ್ಪವಾಗಿ ಅಲ್ಲಿ ಕ್ಯಾನ್ಸರ್ ಆಗಬಹುದು, ಅದಕ್ಕಾಗಿ ಜೊತೆಗೆ ಪ್ರೊಜೆಸ್ಟರಾನ್. ಇಷ್ಟನ್ನು ಹೇಳಲು ಅವರಿಗೆ ಹಿಡಿದದ್ದು ಹದಿನೈದು ನಿಮಿಷ.

ಇದು ಎಲ್ಲರಿಗೂ ಅಲ್ಲ. ಸ್ತನ ಕ್ಯಾನ್ಸರ್ ದಾಟಿ ಬಂದ ನನ್ನ ಗೆಳತಿಗೆ ಹಾರ್ಮೋನ್ ಇಲ್ಲದ ಬೇರೆ ಮಾತ್ರೆ ಕೊಟ್ಟಿದ್ದಾರೆ. 'ನೈಸರ್ಗಿಕ' ಎಂಬ ಚೀಟಿ ಅಂಟಿಸಿದ ಪುಡಿ ಮಾರುವವರ ಸಂಗತಿ ಇನ್ನೊಂದು ದಿನ ಬರೆಯುತ್ತೇನೆ. ಈಗ ಸಿಟ್ಟು ಬರುತ್ತದೆ.

ನನಗೆ ನಾಲ್ಕನೆಯ ವಾರಕ್ಕೆ ನಿದ್ದೆ ಮರಳಿತು. ಅಕ್ಕನಿಗೆ ಹೇಳಿದೆ. ತುಸು ಹೊತ್ತು ಸುಮ್ಮನಿದ್ದು, "ನಾನು ಅಷ್ಟು ವರ್ಷ ಬರಿ ನೆಲದ ಮೇಲೆ ಮಲಗುತ್ತಿದ್ದೆನಲ್ಲ, ಅದು ಇದಕ್ಕೇ ಕಣೇ" ಎಂದಳು. ಬೆನ್ನುನೋವಿಗೆಂದು ನಾವೆಲ್ಲ ತಿಳಿದಿದ್ದೆವು.