ಮೂಳೆಗೊಂದು ಲೆಕ್ಕ, ಮಗುವಿಗಿಲ್ಲ

ಹಾಸನದ ಲೋಕ ಅದಾಲತ್‌ನಿಂದ ಈಗಷ್ಟೇ ಬಂದೆ. ಕರಿಕೋಟು ಬಿಚ್ಚದೆ ಬರೆಯಲು ಕುಳಿತಿದ್ದೇನೆ. ಉಂಡರೆ ನನ್ನ ಸಿಟ್ಟು ಇಳಿದುಬಿಡುತ್ತದೆ, ಇವತ್ತು ಇಳಿಯುವುದು ಬೇಡ.

ನನ್ನ ಕೇಸು ಕೂಗುವುದನ್ನು ಕಾಯುತ್ತಿದ್ದೆ. ಪಕ್ಕದಲ್ಲಿ ಒಂದು ಅಪಘಾತ ಪ್ರಕರಣದ ರಾಜಿ ನಡೆಯುತ್ತಿತ್ತು. ಆಲೂರು ಕಡೆಯ ಹೆಣ್ಣುಮಗಳು. ಎಂಟು ತಿಂಗಳ ಬಸುರಿಯಾಗಿದ್ದಾಗ ಗಂಡನ ಸ್ಕೂಟರಿಗೆ ಕಾರು ಗುದ್ದಿ ತೊಡೆಮೂಳೆ ಮುರಿದಿದೆ, ಮಗು ಹೊಟ್ಟೆಯಲ್ಲೇ ಹೋಗಿದೆ. ವಿಮಾ ಕಂಪನಿಯ ವಕೀಲರು ಪಟ್ಟಿ ಓದಿದರು. ಮೂಳೆ ಇತ್ತು, ಆಸ್ಪತ್ರೆ ಬಿಲ್ಲಿತ್ತು, ಓಡಾಟದ ಖರ್ಚು, ಪೌಷ್ಟಿಕ ಆಹಾರ, ಎಲ್ಲವೂ ಇತ್ತು. ಆಕೆಯ ಅತ್ತೆ ಕೇಳಿದರು: "ಸ್ವಾಮಿ, ಮಗುವಿನದು?"

"ಅದು 'ನೋವು ಮತ್ತು ಯಾತನೆ' ಎಂಬ ಸಾಲಿನಲ್ಲೇ ಬಂತಲ್ಲಮ್ಮ."

ಬಂತಂತೆ! ಪೌಷ್ಟಿಕ ಆಹಾರಕ್ಕೆ ಪ್ರತ್ಯೇಕ ಸಾಲು, ಮಗುವಿಗೆ ಇಲ್ಲ.

ಈ ವಾದ ಹಳೆಯದು. ಅಮೆರಿಕದ ಮಸಾಚುಸೆಟ್ಸ್‌ನಲ್ಲಿ ಹದಗೆಟ್ಟ ರಸ್ತೆಯಲ್ಲಿ ಬಸುರಿಯೊಬ್ಬಳು ಜಾರಿ ಬಿದ್ದಳು. ದಿನ ತುಂಬುವ ಮೊದಲೇ ಹೆರಿಗೆಯಾಗಿ ಮಗು ಕೆಲವೇ ನಿಮಿಷ ಬದುಕಿತು. ಗರ್ಭದಲ್ಲಿದ್ದಾಗ ಅದು ತಾಯಿಯ ದೇಹದ ಭಾಗವೇ ಆಗಿತ್ತು, ಆದ್ದರಿಂದ ಮಗುವಿನ ಹೆಸರಿನಲ್ಲಿ ಪರಿಹಾರವಿಲ್ಲ ಎಂದರು 1884ರಲ್ಲಿ ಅಲ್ಲಿನ ನ್ಯಾಯಮೂರ್ತಿ ಹೋಮ್ಸ್. ಅಮೆರಿಕದವರೇ 1946ರ ಹೊತ್ತಿಗೆ ಆ ದಾರಿ ಬಿಡಲು ಶುರುಮಾಡಿದರು. ದೆಹಲಿ ಹೈಕೋರ್ಟ್ 2010ರಲ್ಲಿ, ಐದು ತಿಂಗಳು ದಾಟಿದ ಗರ್ಭಸ್ಥ ಶಿಶುವನ್ನು ಬದುಕಿರುವ ಮಗುವಿಗೆ ಸಮನಾಗಿ ಕಂಡು ಬೇರೆಯೇ ಪರಿಹಾರ ಕೊಟ್ಟಿತು. ನಮ್ಮ ರಾಜಿ ಮೇಜಿನ ಮೇಲೆ ಮಾತ್ರ ಹೋಮ್ಸ್ ಸಾಹೇಬರು ಇನ್ನೂ ಕುಳಿತಿದ್ದಾರೆ.

ಮಗು ಇತ್ತು ಎನ್ನುವುದಕ್ಕೆ ಪುರಾವೆ ಬೇಕೇ? ಸರ್ಕಾರವೇ ತಾಯಿ ಕಾರ್ಡ್ ಕೊಟ್ಟಿದೆ. ಆಶಾ ಕಾರ್ಯಕರ್ತೆ ಮನೆಗೆ ಬಂದು ಬರೆದುಕೊಂಡಿದ್ದಾರೆ. ಸ್ಕ್ಯಾನಿಂಗ್ ಮಾಡಿದಾಗಲೆಲ್ಲ ಲಿಂಗ ಪತ್ತೆ ತಡೆ ಕಾಯ್ದೆಯ ಎಫ್ ನಮೂನೆ ತುಂಬಬೇಕು. 28 ವಾರ ದಾಟಿ ಸತ್ತು ಹುಟ್ಟಿದ ಮಗುವನ್ನು ಜನನ ಮರಣ ಕಾಯ್ದೆಯಡಿ ನೋಂದಾಯಿಸಲೇಬೇಕು. ಎಲ್ಲ ರಿಜಿಸ್ಟರಿನಲ್ಲೂ ಇದ್ದ ಮಗು ದುಡ್ಡು ಕೊಡುವ ಕಾಗದದಲ್ಲಿ ಮಾತ್ರ ಮಾಯ. ನಮ್ಮ ಸೀಮೆಯಲ್ಲಿ ಆನೆ ನುಗ್ಗಿ ತುಳಿದ ಕೊಯ್ಲಾಗದ ಫಸಲಿಗೂ ಅರಣ್ಯ ಇಲಾಖೆ ಪರಿಹಾರ ಲೆಕ್ಕ ಹಾಕುತ್ತದೆ, ಸ್ವಾಮಿ.

ಹುಟ್ಟದ ಮಗುವಿಗೆ ಆದಾಯವೆಲ್ಲಿ ಎಂದು ನಮ್ಮ ವಕೀಲರ ಸಂಘದ ಹಿರಿಯರೊಬ್ಬರು ಚಹಾ ಕುಡಿಯುತ್ತಾ ನಕ್ಕರು. ಅಪಘಾತದಲ್ಲಿ ಸತ್ತ ಹತ್ತು ವರ್ಷದ ಹುಡುಗನಿಗೆ ಎಲ್ಲಿತ್ತು? 2013ರಲ್ಲಿ ಸುಪ್ರೀಂ ಕೋರ್ಟ್ ಪರಿಹಾರ ಲೆಕ್ಕ ಹಾಕಲು ಅಂಥವನಿಗೆ ವರ್ಷಕ್ಕೆ 30,000 ರೂಪಾಯಿ ಕಾಲ್ಪನಿಕ ಆದಾಯ ಹಿಡಿಯಲಿಲ್ಲವೇ?

ಭ್ರೂಣವನ್ನು ವ್ಯಕ್ತಿ ಎಂದರೆ ನಾಳೆ ಗರ್ಭಪಾತದ ಹಕ್ಕಿಗೆ ಕುತ್ತು ಎನ್ನುವ ಗೆಳತಿಯರ ಆತಂಕ ಬೇರೆ, ಅದಕ್ಕೆ ನಾನು ನಗುವುದಿಲ್ಲ. 2024ರಲ್ಲಿ ಅಲಬಾಮಾದ ಸುಪ್ರೀಂ ಕೋರ್ಟ್ ಘನೀಕರಿಸಿಟ್ಟ ಭ್ರೂಣಗಳನ್ನೂ ಮಕ್ಕಳೆಂದಾಗ ಅಲ್ಲಿನ ಕೆಲವು ಐವಿಎಫ್ ಕೇಂದ್ರಗಳು ಕೆಲಸ ನಿಲ್ಲಿಸಿದವು. ಆದರೆ ನಮ್ಮಲ್ಲಿ 1971ರ ಗರ್ಭಪಾತ ಕಾಯ್ದೆ ಪ್ರತ್ಯೇಕವಾಗಿ ನಿಂತಿದೆ. ಇಲ್ಲಿ ಕೇಳುತ್ತಿರುವವಳು ಆ ಮಗುವನ್ನು ಬಯಸಿದ್ದ ತಾಯಿ, ಕಿತ್ತುಕೊಂಡದ್ದು ಕಾರು. ಎರಡನ್ನೂ ಒಂದೇ ತಕ್ಕಡಿಗೆ ಹಾಕುವುದರಿಂದ ಲಾಭ ವಿಮಾ ಕಂಪನಿಗೆ ಮಾತ್ರ.

ನನ್ನ ಅಮ್ಮ, ಮಕ್ಕಳೆಷ್ಟು ಎಂದು ಯಾರು ಕೇಳಿದರೂ "ಐದು, ಉಳಿದದ್ದು ನಾಲ್ಕು" ಎನ್ನುತ್ತಿದ್ದರು. ಆ ಐದನೆಯದು ಹೊಟ್ಟೆಯಲ್ಲೇ ಹೋದದ್ದು. ಇದನ್ನು ಇಲ್ಲಿ ಬರೆಯಬೇಕೆಂದುಕೊಂಡಿರಲಿಲ್ಲ.

ರಾಜಿಗೆ ಆಲೂರು ಕಡೆಯ ಆ ಮನೆಯವರು ಇನ್ನೂ ಸಹಿ ಹಾಕಿಲ್ಲ. ಅವರ ವಕೀಲ ಹುಡುಗನನ್ನು ಹೊರಗೆ ಕರೆದು ದೆಹಲಿ ತೀರ್ಪಿನ ಪ್ರತಿ ಕಳಿಸುತ್ತೇನೆ ಎಂದಿದ್ದೇನೆ. ನಿಮ್ಮ ಪೈಕಿ ಯಾರಿಗಾದರೂ ಹೀಗಾದರೆ ತಾಯಿ ಕಾರ್ಡ್, ಸ್ಕ್ಯಾನಿಂಗ್ ವರದಿ ಜೋಪಾನ ಮಾಡಿ. ಗಾಯದ ಪ್ರಮಾಣಪತ್ರದಲ್ಲಿ ಗರ್ಭ ಎಷ್ಟು ವಾರದ್ದು, ಶಿಶು ಯಾವ ಕಾರಣಕ್ಕೆ ಸತ್ತಿತು ಎಂಬುದನ್ನು ವೈದ್ಯರಿಂದ ಬರೆಸಿಕೊಳ್ಳಿ. ಅರ್ಜಿಯಲ್ಲಿ ಮಗುವಿಗೆ ಬೇರೆ ಸಾಲು ಬೇಕು ಎಂದು ನಿಮ್ಮ ವಕೀಲರಿಗೆ ಮೊದಲೇ ಹೇಳಿ. ಅವರು ಗೊಣಗಿದರೆ ನನ್ನ ಹೆಸರು ಹೇಳಿ, ಇನ್ನಷ್ಟು ಗೊಣಗುತ್ತಾರೆ.