ಮೊರೇರ ಗುಡ್ಡದಲ್ಲಿ ಅಪ್ಪನ ಕೈ

ಅವ್ವ ಹೋಗಿ ಎರಡು ವರ್ಷ ಆಯಿತು. ಗಂಗಾವತಿ ಮನೆಯಲ್ಲಿ ಅಪ್ಪ ಒಬ್ಬರೇ. ಬೆಂಗಳೂರಿನಿಂದ ದಿನಾ ರಾತ್ರಿ ಫೋನ್ ಮಾಡುತ್ತೇನೆ. ಊಟ ಆಯ್ತಾ, ಗುಳಿಗೆ ತಗೊಂಡ್ರಾ, ಅಷ್ಟೇ. ಹಾಲ್‌ನಲ್ಲಿ ಕ್ಯಾಮೆರಾನೂ ಹಾಕಿಸಿದ್ದೇನೆ. ಅಪ್ಪ ಕುರ್ಚಿಯಲ್ಲಿ ಸುಮ್ನೆ ಕೂತಿರುವುದು ಮೊಬೈಲ್‌ನಲ್ಲಿ ಕಾಣುತ್ತದೆ. ನೋಡುತ್ತಿದ್ದೆ, ಅದನ್ನೇ ನೋಡಿಕೊಳ್ಳುವುದು ಅಂದುಕೊಂಡಿದ್ದೆ.

ಕಳೆದ ತಿಂಗಳು ಊರಿಗೆ ಹೋದಾಗ ಅಪ್ಪನೇ ಕೇಳಿದರು, "ಮೊರೇರ ಗುಡ್ಡಕ್ಕ ಹೋಗೂಣೇನು?"

ಹಿರೇಬೆಣಕಲ್ ಹತ್ತಿರದ ಗುಡ್ಡ ಅದು. ಎತ್ತ ನೋಡಿದರೂ ಬಂಡೆ, ಗುಂಡು, ನಡುವೆ ಮುಳ್ಳುಗಿಡ. ಮೇಲೆ ಹತ್ತಿದರೆ ಕಲ್ಲಿನ ಮನೆಗಳು. ಚಪ್ಪಡಿಗಳನ್ನು ನಿಲ್ಲಿಸಿ, ಮೇಲೊಂದು ಚಪ್ಪಡಿ ಹೊದಿಸಿದ್ದಾರೆ. ಕೆಲವಕ್ಕೆ ಗೋಡೆಯಲ್ಲಿ ದುಂಡನೆ ಕಿಂಡಿ. ಗಿಡ್ಡ ಜನ ಮೊರೇರು ಇಲ್ಲಿ ವಾಸವಿದ್ದರು ಅಂತ ನಮ್ಮ ಕಡೆ ಹೇಳುತ್ತಾರೆ. ನಿಜಕ್ಕೂ ಇವು ಸತ್ತವರಿಗೆ ಕಟ್ಟಿದವು. 2,000 ವರ್ಷಕ್ಕೂ ಹಳೆಯವು, ಸುಮಾರು 400 ಇವೆ. 2021ರಲ್ಲಿ ಯುನೆಸ್ಕೊದ ವಿಶ್ವ ಪರಂಪರೆ ತಾಣಗಳ ತಾತ್ಕಾಲಿಕ ಪಟ್ಟಿಗೂ ಸೇರಿದವು. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಅವು ನಿಂತಿರುವ ರೀತಿ. ಒಂದರ ಪಕ್ಕ ಒಂದು, ನಮ್ಮೂರ ಓಣಿಯ ಹಾಗೆ. ಸತ್ತವರಿಗೂ ಅಕ್ಕಪಕ್ಕ ಯಾರಾದರೂ ಇರಲಿ ಅನ್ನಿಸಿತ್ತೇನೋ ಕಟ್ಟಿದವರಿಗೆ.

ಹತ್ತುವಾಗ ಒಂದು ಕಡೆ ಬಂಡೆ ಜಾರುತ್ತಿತ್ತು. ಕೈ ಚಾಚಿದೆ. ಅಪ್ಪ ಹಿಡಿದುಕೊಂಡರು. ಒರಟು ಕೈ, ಬೆವರಿತ್ತು. ಆ ಕೈ ಹಿಡಿದು ಎಷ್ಟು ವರ್ಷ ಆಯಿತು ಅಂತ ಲೆಕ್ಕ ಹಾಕಿದೆ. ನೆನಪಾಗಲಿಲ್ಲ. ನಮ್ಮ ಮನೆಗಳಲ್ಲಿ ಬೆಳೆದ ಗಂಡುಮಕ್ಕಳು ಅಪ್ಪನನ್ನು ಮುಟ್ಟುವುದು ಹಬ್ಬದ ದಿನ ಕಾಲಿಗೆ ಬೀಳುವಾಗ ಮಾತ್ರ, ಅಲ್ವಾ? ಅವ್ವ ಹೋದ ಮೇಲೆ ಬಿಪಿ ನೋಡುವವರನ್ನು ಬಿಟ್ಟರೆ ಈ ಮನುಷ್ಯನನ್ನು ಯಾರೂ ಮುಟ್ಟಿಲ್ಲ. ಎರಡು ವರ್ಷ! ಅದು ಹೊಳೆದಾಗ ಎದೆ ಹಿಂಡಿದ ಹಾಗಾಯಿತು.

ಒಂಟಿತನ ಅಂದರೆ ಮಾತಿಲ್ಲದಿರುವುದು ಅಂತ ನಾವು ತಿಳಿದಿದ್ದೇವೆ. ಅದಕ್ಕೇ ಫೋನ್ ಕೊಡಿಸುತ್ತೇವೆ, ಟೀವಿ ಹಾಕಿಸುತ್ತೇವೆ. ಮುಟ್ಟುವವರಿಲ್ಲದ ಒಂಟಿತನ ಅದಕ್ಕಿಂತ ಜಾಸ್ತಿ. ಅದನ್ನು ಹಿರಿಯರು ಬಾಯಿಬಿಟ್ಟು ಕೇಳುವುದೂ ಇಲ್ಲ. ನಾವೇ ಹತ್ತಿರ ಹೋಗಬೇಕು, ಮುಜುಗರವಾದರೂ.

ಮೇಲೆ ಕಲ್ಲುಮನೆಯ ನೆರಳಲ್ಲಿ ಕೂತೆವು. "ನಿಮ್ಮವ್ವ ಇದ್ದಿದ್ರ ಇಲ್ಲೇ ಬುತ್ತಿ ಬಿಚ್ಚತಿದ್ಲು" ಅಂದರು. ಮತ್ತೇನೂ ಮಾತಾಡಲಿಲ್ಲ.

ಮಾರನೇ ದಿನ ಅಪ್ಪನಿಗೆ ಮಂಡಿನೋವು. ಎಣ್ಣೆ ಬೆಚ್ಚಗೆ ಮಾಡಿಕೊಂಡು ಹೋಗಿ ಕಾಲ ಬಳಿ ಕೂತೆ. "ಬ್ಯಾಡ ಬಿಡೋ" ಅಂದರು. ಕಾಲು ಮಾತ್ರ ಹಿಂದಕ್ಕೆ ಎಳೆದುಕೊಳ್ಳಲಿಲ್ಲ.